ಹುಬ್ಬಳ್ಳಿ-ಧಾರವಾಡದಿಂದ ಧಾರಾವಾಹಿ ನಿರ್ದೇಶನಕ್ಕೆ: ಹೆಜ್ಜೆಗಳ ಕ್ರಮ, ಬೇಕಾದ ಸಲಕರಣೆ, ಎಡವುವ ಜಾಗಗಳು

ಟಿವಿ ನಿರ್ದೇಶಕರಾಗಬೇಕೆಂದು ಹುಬ್ಬಳ್ಳಿ, ಗದಗ, ಹಾವೇರಿ ಕಡೆಯಿಂದ ಬೆಂಗಳೂರಿನ ರಾತ್ರಿ ರೈಲು ಹತ್ತಿದವರಲ್ಲಿ ಅನೇಕರು ಕೆಲವೇ ತಿಂಗಳಲ್ಲಿ ಮರಳಿ ಬರುತ್ತಾರೆ. ಹೋಗುವಾಗ ಅವರ ಬಳಿ ಒಂದು ಕಿರುಚಿತ್ರ, ಒಂದು ಕಥೆಯ ಫೈಲು, ಪರಿಚಯದವರು ಕೊಟ್ಟ ಒಂದು ಫೋನ್ ನಂಬರ್ ಇರುತ್ತದೆ. ಸೆಟ್ಟಿನಲ್ಲಿ ಮೊದಲ ದಿನವೇ ಕೈಗೆ ಬರುವ ಕೆಲಸದ ಅಭ್ಯಾಸ ಮಾತ್ರ ಇರುವುದಿಲ್ಲ. ಕಿರುಚಿತ್ರ ತೋರಿಸಿ ನಿರ್ದೇಶನದ ಅವಕಾಶ ಕೇಳುವುದು, ಅದು ಸಿಗದಿದ್ದಾಗ ಬೇಸರದಿಂದ ಸಹಾಯಕನ ಕೆಲಸಕ್ಕೆ ಒಪ್ಪುವುದು, ಒಪ್ಪಿದ ಮೇಲೆ ಕಂಟಿನ್ಯುಟಿ (ಬೇರೆ ಬೇರೆ ಹೊತ್ತಿನಲ್ಲಿ ತೆಗೆದ ಶಾಟ್‌ಗಳಲ್ಲಿ ಉಡುಗೆ, ವಸ್ತು, ಚಲನೆ ಒಂದಕ್ಕೊಂದು ಹೊಂದುವಂತೆ ಬರೆದಿಡುವ ಕೆಲಸ) ಎಂದರೇನೆಂದು ಕೇಳುವುದು, ಈ ಕ್ರಮವೇ ತಲೆಕೆಳಗಾದದ್ದು. ಕೆಳಗಿನ ಹಂತಗಳಲ್ಲಿ ಮೊದಲ ಆರನ್ನು ಊರಿನಲ್ಲಿದ್ದುಕೊಂಡೇ ಮುಗಿಸಬಹುದು ಮತ್ತು ಮುಗಿಸಿಯೇ ಹೊರಡಬೇಕು. ಸುದ್ದಿವಾಹಿನಿ ಮತ್ತು ರಿಯಾಲಿಟಿ ಶೋಗಳ ಕೆಲಸದ ರೀತಿಯೇ ಬೇರೆಯಾದ್ದರಿಂದ ಇಲ್ಲಿ ದೈನಂದಿನ ಧಾರಾವಾಹಿಯನ್ನು ಮಾತ್ರ ತೆಗೆದುಕೊಂಡಿದ್ದೇನೆ.

ಹಂತ 1. ಕೆಲಸದ ಅಳತೆಯನ್ನು ತಿಳಿದುಕೊಳ್ಳುವುದು

ಅರ್ಧ ಗಂಟೆಯ ಧಾರಾವಾಹಿ ಎಂದರೆ ಜಾಹೀರಾತು ಕಳೆದು ಸುಮಾರು 20ರಿಂದ 22 ನಿಮಿಷ. ವಾರಕ್ಕೆ ಐದಾರು ಸಂಚಿಕೆಗಳು ಪ್ರಸಾರವಾಗುವುದರಿಂದ, ಚಿತ್ರೀಕರಣ ತಂಡವು ದಿನಕ್ಕೆ ಹೆಚ್ಚೂಕಡಿಮೆ ಒಂದು ಸಂಚಿಕೆಯಷ್ಟು ದೃಶ್ಯಗಳನ್ನು ಮುಗಿಸದಿದ್ದರೆ ಬ್ಯಾಂಕಿಂಗ್, ಅಂದರೆ ಪ್ರಸಾರಕ್ಕೆ ಮುಂಚೆ ಕೈಯಲ್ಲಿರುವ ಸಂಚಿಕೆಗಳ ದಾಸ್ತಾನು, ಕರಗುತ್ತದೆ. ಸಿನಿಮಾದಲ್ಲಿ ದಿನಕ್ಕೆ ಎರಡು-ಮೂರು ನಿಮಿಷದ ದೃಶ್ಯ ಸಿಕ್ಕರೆ ಸಮಾಧಾನಪಡುತ್ತಾರೆ. ಈ ಎರಡು ಅಂಕಿಗಳ ನಡುವಿನ ಅಂತರವನ್ನು ಅರ್ಥ ಮಾಡಿಕೊಳ್ಳದವರು ಧಾರಾವಾಹಿಯ ಸೆಟ್ಟಿನಲ್ಲಿ ಒಂದು ವಾರವೂ ನಿಲ್ಲಲಾರರು.

ಎರಡನೆಯದಾಗಿ, ನಿರ್ದೇಶಕರ ಕೈಯಲ್ಲಿ ಏನಿಲ್ಲ ಎಂಬುದನ್ನೂ ತಿಳಿದಿರಬೇಕು. ಕಥೆಯ ಟ್ರ್ಯಾಕ್ ಎತ್ತ ಹೋಗಬೇಕೆಂಬುದನ್ನು ವಾಹಿನಿಯ ಫಿಕ್ಷನ್ ತಂಡ ಮತ್ತು ಕಥೆಗಾರರು ನಿರ್ಧರಿಸುತ್ತಾರೆ; ಮುಖ್ಯ ಕಲಾವಿದರ ಆಯ್ಕೆಯಲ್ಲಿಯೂ ವಾಹಿನಿಯದೇ ಕೊನೆಯ ಮಾತು; ಸೀನ್ ಪೇಪರ್, ಅಂದರೆ ದೃಶ್ಯ ಮತ್ತು ಸಂಭಾಷಣೆ ಬರೆದ ಹಾಳೆ, ಎಷ್ಟೋ ಸಲ ಚಿತ್ರೀಕರಣದ ಬೆಳಿಗ್ಗೆಯೇ ಕೈಸೇರುತ್ತದೆ. ಆ ಹಾಳೆಯನ್ನು ಓದಿದ ಅರ್ಧ ಗಂಟೆಯೊಳಗೆ ಕ್ಯಾಮೆರಾ ಎಲ್ಲಿ, ಕಲಾವಿದರು ಎಲ್ಲಿ, ಯಾವ ಶಾಟ್ ಮೊದಲು ಎಂದು ಹೇಳಬಲ್ಲವರಿಗೇ ನಿರ್ದೇಶನ ಸಿಗುತ್ತದೆ.

ಅಭ್ಯಾಸಕ್ಕಾಗಿ ಯಾವುದಾದರೂ ಒಂದೇ ಧಾರಾವಾಹಿಯ ಒಂದು ವಾರದ ಸಂಚಿಕೆಗಳನ್ನು ಧ್ವನಿ ಬಂದ್ ಮಾಡಿ ನೋಡಿ. ಪ್ರತಿ ದೃಶ್ಯ ಎಷ್ಟು ನಿಮಿಷ, ಯಾವ ಜಾಗದಲ್ಲಿ, ಎಷ್ಟು ಶಾಟ್‌ಗಳಲ್ಲಿ ಮುಗಿಯಿತು ಎಂದು ಕಾಗದದ ಮೇಲೆ ಬರೆದುಕೊಳ್ಳಿ. ಹಾಲ್, ಅಡುಗೆಮನೆ, ಮಲಗುವ ಕೋಣೆ, ಕಚೇರಿ, ಗೇಟಿನ ಮುಂದೆ, ಇಷ್ಟೇ ಜಾಗಗಳು ಮತ್ತೆ ಮತ್ತೆ ಬರುವುದು ಕಾಣುತ್ತದೆ. ಕಥೆಯ ಕ್ರಮದಲ್ಲಿ ಚಿತ್ರೀಕರಿಸದೆ, ಹಾಲಿನ ದೃಶ್ಯಗಳನ್ನೆಲ್ಲ ಒಟ್ಟಿಗೆ, ಅಡುಗೆಮನೆಯವನ್ನೆಲ್ಲ ಒಟ್ಟಿಗೆ ತೆಗೆಯುವುದೇಕೆಂಬುದು ಆಗ ತಾನಾಗಿ ತಿಳಿಯುತ್ತದೆ.

ಹಂತ 2. ಸಲಕರಣೆ ಹೊಂದಿಸಿಕೊಳ್ಳುವುದು

ದುಬಾರಿ ಕ್ಯಾಮೆರಾ ಬಾಡಿಗೆಗೆ ತರುವ ಅಗತ್ಯವಿಲ್ಲ. ಫ್ರೇಮ್ ರೇಟ್, ಶಟರ್, ಫೋಕಸ್‌ಗಳನ್ನು ಕೈಯಿಂದ ಹೊಂದಿಸಬಹುದಾದ ಆ್ಯಪ್ ಇರುವ ಮೊಬೈಲ್, ಗಟ್ಟಿಯಾದ ಟ್ರೈಪಾಡ್, ಒಂದು ಜೊತೆ ಕಾಲರ್ ಮೈಕ್, ಒಂದು ಹಾರ್ಡ್ ಡಿಸ್ಕ್, ಸಂಕಲನಕ್ಕೆ ಡಾವಿಂಚಿ ರಿಸಾಲ್ವ್‌ನ ಉಚಿತ ಆವೃತ್ತಿ ನಡೆಯುವ ಕಂಪ್ಯೂಟರ್, ಸ್ಟಾಪ್‌ವಾಚ್, ಉದ್ದನೆಯ ರೂಲ್ಡ್ ನೋಟ್‌ಬುಕ್ ಇದ್ದರೆ ಸಾಕು.

ನಮ್ಮ ದೇಶದ ಪ್ರಸಾರದ ಲೆಕ್ಕ ಸೆಕೆಂಡಿಗೆ 25 ಫ್ರೇಮ್; ಮೊಬೈಲ್‌ಗಳು ಸಾಮಾನ್ಯವಾಗಿ 30ಕ್ಕೆ ಹೊಂದಿಕೊಂಡಿರುತ್ತವೆ. ಅದನ್ನು 25ಕ್ಕೆ ಬದಲಿಸಿ, ಶಟರ್ ವೇಗವನ್ನು ಸೆಕೆಂಡಿನ 50ರಲ್ಲಿ ಒಂದು ಭಾಗಕ್ಕೆ ನಿಲ್ಲಿಸಿ. ನಮ್ಮ ವಿದ್ಯುತ್ 50 ಹರ್ಟ್ಸ್‌ನದಾದ್ದರಿಂದ ಇದು ಹೊಂದಿಕೆಯಾಗದಿದ್ದರೆ ಟ್ಯೂಬ್‌ಲೈಟ್ ಮತ್ತು ಅಗ್ಗದ ಎಲ್‌ಇಡಿ ಬಲ್ಬುಗಳ ಬೆಳಕಿನಲ್ಲಿ ಚಿತ್ರ ಮಿಣುಕುತ್ತದೆ, ಆ ಮಿಣುಕನ್ನು ಸಂಕಲನದಲ್ಲಿ ತೆಗೆಯುವುದು ಬಹಳ ಕಷ್ಟ. ಬಿಳುಪಿನ ಹೊಂದಾಣಿಕೆಯನ್ನೂ (ವೈಟ್ ಬ್ಯಾಲೆನ್ಸ್) ಆಟೋದಲ್ಲಿ ಬಿಡಬೇಡಿ. ಕಿಟಕಿಯ ಕಡೆ ತಿರುಗಿದಾಗ ಒಂದು ಬಣ್ಣ, ಗೋಡೆಯ ಕಡೆ ತಿರುಗಿದಾಗ ಇನ್ನೊಂದು ಬಣ್ಣ ಬಂದು ಎರಡು ಶಾಟ್‌ಗಳು ಒಂದೇ ದೃಶ್ಯದವೆಂದು ಅನ್ನಿಸುವುದಿಲ್ಲ.

ಹಂತ 3. ಒಂದು ದೃಶ್ಯವನ್ನು ಶಾಟ್‌ಗಳಾಗಿ ಒಡೆಯುವುದು

ಧಾರವಾಡದ ಮಾಳಮಡ್ಡಿಯ ಒಂದು ಹಳೆಯ ಮನೆಯ ಪಡಸಾಲೆ ಎಂದು ಇಟ್ಟುಕೊಳ್ಳೋಣ. ಮಗ ಊಟಕ್ಕೆ ಕುಳಿತಿದ್ದಾನೆ, ತಾಯಿ ರೊಟ್ಟಿ ಬಡಿಸುತ್ತ ಹೊಲ ಮಾರುವ ಮಾತು ತೆಗೆಯುತ್ತಾಳೆ, ಸೊಸೆ ಬಾಗಿಲಲ್ಲಿ ನಿಂತು ಕೇಳಿಸಿಕೊಳ್ಳುತ್ತಾಳೆ. ಎರಡು ಪುಟದ ದೃಶ್ಯ, ಪರದೆಯ ಮೇಲೆ ಎರಡೂವರೆ-ಮೂರು ನಿಮಿಷ. ಇದನ್ನು ಒಂದೂವರೆ ಗಂಟೆಯಲ್ಲಿ ಮುಗಿಸುವುದು ನಿಮ್ಮ ಗುರಿ.

ಮೊದಲು ಮಗ ಮತ್ತು ತಾಯಿಯ ನಡುವೆ ಒಂದು ಗೆರೆ ಎಳೆದಂತೆ ಭಾವಿಸಿ. ಕ್ಯಾಮೆರಾ ಈ ಗೆರೆಯ ಒಂದೇ ಪಕ್ಕದಲ್ಲಿ, ಅಂದರೆ 180 ಡಿಗ್ರಿಯೊಳಗೆ ಇರಬೇಕು. ಗೆರೆ ದಾಟಿದರೆ ಎದುರುಬದುರು ಕುಳಿತವರು ಪರದೆಯ ಮೇಲೆ ಒಂದೇ ದಿಕ್ಕಿಗೆ ನೋಡುತ್ತಿರುವಂತೆ ಕಾಣುತ್ತಾರೆ. ಬಾಗಿಲಲ್ಲಿ ನಿಂತ ಸೊಸೆ ಬಂದಾಗ ಎರಡನೆಯ ಗೆರೆ ಹುಟ್ಟುತ್ತದೆ. ಹೊಸಬರು ಎಡವುವುದು ಇಬ್ಬರಿರುವ ದೃಶ್ಯದಲ್ಲಿ ಕಡಿಮೆ, ಮೂರನೆಯವರು ಒಳಬಂದಾಗ ಹೆಚ್ಚು. ಆದ್ದರಿಂದ ಮನೆಯ ನಕ್ಷೆಯನ್ನು ಮೇಲಿನಿಂದ ನೋಡಿದಂತೆ ಬರೆದು, ಮೂವರ ಜಾಗ, ಅವರ ನೋಟದ ದಿಕ್ಕು, ಕ್ಯಾಮೆರಾದ ಜಾಗಗಳನ್ನು ಗುರುತಿಸಿದ ಮೇಲೆಯೇ ಟ್ರೈಪಾಡ್ ಮುಟ್ಟಿ.

ಚಿತ್ರೀಕರಣದ ಕ್ರಮ ಹೀಗಿರಲಿ. ಇಡೀ ದೃಶ್ಯವನ್ನು ಎಲ್ಲರೂ ಕಾಣುವಂತೆ ಒಮ್ಮೆಗೇ ತೆಗೆಯುವ ಮಾಸ್ಟರ್ ಶಾಟ್ ಮೊದಲು. ನಂತರ ಮಗನ ಕಡೆ ನೋಡುವ ಎಲ್ಲ ಶಾಟ್‌ಗಳು: ತಾಯಿಯ ಭುಜದ ಮೇಲಿಂದ ತೆಗೆಯುವ ಸಜೆಷನ್, ಸೊಂಟದಿಂದ ಮೇಲಿನ ಮಿಡ್, ಮುಖ ತುಂಬುವ ಕ್ಲೋಸ್, ಮಾತಿಲ್ಲದ ಲುಕ್. ಆಮೇಲೆ ಬೆಳಕು ತಿರುಗಿಸಿ ತಾಯಿಯ ಕಡೆಯವು, ಕೊನೆಗೆ ಬಾಗಿಲಿನ ಸೊಸೆಯವು, ತಟ್ಟೆಗೆ ರೊಟ್ಟಿ ಬೀಳುವಂಥ ಇನ್ಸರ್ಟ್‌ಗಳು. ಸಂಭಾಷಣೆಯ ಕ್ರಮದಲ್ಲಿ ಒಮ್ಮೆ ಮಗನ ಕಡೆ, ಒಮ್ಮೆ ತಾಯಿಯ ಕಡೆ ಕ್ಯಾಮೆರಾ ತಿರುಗಿಸುತ್ತ ಹೋದರೆ ಪ್ರತಿ ಸಲವೂ ಬೆಳಕು ಬದಲಿಸಬೇಕಾಗಿ ಇಡೀ ದಿನ ಅದಕ್ಕೇ ಹೋಗುತ್ತದೆ. ಸೆಟ್ಟಿನಲ್ಲಿ ಎರಡು ಕ್ಯಾಮೆರಾ ಇದ್ದರೂ ಬೆಳಕಿನ ಈ ಲೆಕ್ಕ ಬದಲಾಗುವುದಿಲ್ಲ.

ಮಾತು ಮುಗಿದ ತಕ್ಷಣ ಕಟ್ ಹೇಳುವ ಚಟವನ್ನು ಈಗಲೇ ಬಿಡಿ. ಆ್ಯಕ್ಷನ್ ಹೇಳಿದ ಮೇಲೆ ಎರಡು ಕ್ಷಣ, ಕೊನೆಯ ಮಾತಿನ ನಂತರ ಮೂರು-ನಾಲ್ಕು ಕ್ಷಣ ಶಾಟ್ ನಡೆಯುತ್ತಿರಲಿ; ಸಂಕಲನಕಾರರಿಗೆ ಜೋಡಿಸಲು ಜಾಗ ಸಿಗುವುದು ಅಲ್ಲಿಯೇ. ಧಾರಾವಾಹಿಯಲ್ಲಿ ಸಂಚಿಕೆಯ ಉದ್ದ ಕಡಿಮೆ ಬಿದ್ದಾಗ ಕಾಪಾಡುವುದೂ ಈ ಲುಕ್‌ಗಳೇ. ಪ್ರೇಕ್ಷಕರು ಇವನ್ನು ಗೇಲಿ ಮಾಡುತ್ತಾರೆ, ಮಾಡುವುದರಲ್ಲಿ ತಪ್ಪೂ ಇಲ್ಲ, ಆದರೆ ರಾತ್ರಿ ಹನ್ನೊಂದಕ್ಕೆ ಎಡಿಟ್ ಕೋಣೆಯಲ್ಲಿ 40 ಸೆಕೆಂಡು ಕಡಿಮೆ ಬಿದ್ದಾಗ ಬೇರೆ ದಾರಿ ಇರುವುದಿಲ್ಲ.

ಚಿತ್ರೀಕರಿಸಿದ್ದನ್ನು ನೀವೇ ಸಂಕಲನ ಮಾಡಿ. ಇದನ್ನು ಗೆಳೆಯನಿಗೆ ಒಪ್ಪಿಸಿದರೆ ಯಾವ ಶಾಟ್ ಬೇಕಿತ್ತು, ಯಾವುದು ದಂಡವಾಯಿತು ಎಂಬುದು ಗೆಳೆಯನಿಗೆ ತಿಳಿಯುತ್ತದೆ, ನಿಮಗಲ್ಲ.

ಹಂತ 4. ಕಂಟಿನ್ಯುಟಿ ಬರೆಯುವುದು

ಧಾರಾವಾಹಿಯ ತಂಡದಲ್ಲಿ ಹೊಸಬರ ಕೈಗೆ ಸಾಮಾನ್ಯವಾಗಿ ಮೊದಲು ಬರುವ ಕೆಲಸ ಇದು; ಅತಿ ಹೆಚ್ಚು ಜನ ಸೋಲುವುದೂ ಇಲ್ಲಿಯೇ. ಮೇಲಿನ ದೃಶ್ಯವನ್ನೇ ತೆಗೆದುಕೊಳ್ಳಿ. ಮಗ ತಟ್ಟೆ ಬಿಟ್ಟು ಎದ್ದು ಹೊರಗೆ ಹೋಗುತ್ತಾನೆ. ಪಡಸಾಲೆಯ ಭಾಗ ಸೋಮವಾರ ಸೆಟ್ಟಿನಲ್ಲಿ, ಅಂಗಳದ ಭಾಗ ಶುಕ್ರವಾರ ಔಟ್‌ಡೋರ್‌ನಲ್ಲಿ. ಪರದೆಯ ಮೇಲೆ ಇವೆರಡರ ನಡುವೆ ಒಂದು ಹೆಜ್ಜೆಯ ಅಂತರ.

ಸೋಮವಾರದ ಹಾಳೆಯಲ್ಲಿ ಏನೇನು ಇರಬೇಕು? ಸಂಚಿಕೆ ಮತ್ತು ದೃಶ್ಯದ ಸಂಖ್ಯೆ, ಕಥೆಯಲ್ಲಿ ಎಷ್ಟನೆಯ ದಿನ, ಹಗಲೋ ರಾತ್ರಿಯೋ. ಅಂಗಿಯ ಬಣ್ಣ ಬರೆದರೆ ಸಾಲದು. ತೋಳು ಮಡಚಿದ್ದರೆ ಎಷ್ಟು ಮಡಿಕೆ, ಮೇಲಿನ ಗುಂಡಿ ಹಾಕಿತ್ತೋ ಇಲ್ಲವೋ, ಕೈಗಡಿಯಾರ ಯಾವ ಕೈಯಲ್ಲಿ, ಬಲಗೈ ತೊಳೆದುಕೊಂಡನೋ ಎಂಜಲು ಕೈಯಲ್ಲೇ ಎದ್ದನೋ. ತಾಯಿಯ ಸೆರಗು ತಲೆಯ ಮೇಲಿತ್ತೋ ಭುಜಕ್ಕೆ ಜಾರಿತ್ತೋ. ಸೊಸೆಯ ತಾಳಿ ಸೀರೆಯ ಒಳಗೋ ಹೊರಗೋ, ಕುಂಕುಮ ದುಂಡಗೋ ಉದ್ದಕ್ಕೋ, ಮುಡಿದ ಹೂವು ಎಷ್ಟು ಮೊಳ. ಯಾವ ಮಾತಿನ ಯಾವ ಪದಕ್ಕೆ ಮಗ ರೊಟ್ಟಿ ಮುರಿದ, ಯಾವ ಪದಕ್ಕೆ ಎದ್ದ, ಬಾಗಿಲಿಂದ ಹೊರಹೋಗುವಾಗ ಮೊದಲು ಇಟ್ಟ ಕಾಲು ಯಾವುದು, ಪರದೆಯ ಎಡದಿಂದ ಹೋದನೋ ಬಲದಿಂದಲೋ.

ಊಟದ ದೃಶ್ಯಗಳು ಹೆಚ್ಚು ಕಷ್ಟ. ಪ್ರತಿ ಟೇಕ್‌ನಲ್ಲಿ ರೊಟ್ಟಿ ಕರಗುತ್ತದೆ, ಪಲ್ಯ ಕಡಿಮೆಯಾಗುತ್ತದೆ. ಮಾಸ್ಟರ್‌ನಲ್ಲಿ ಅರ್ಧ ರೊಟ್ಟಿ ಉಳಿದ ಮಾತಿಗೆ ಕ್ಲೋಸ್‌ನಲ್ಲಿ ಇಡೀ ರೊಟ್ಟಿ ಕಂಡರೆ ಆ ಕ್ಲೋಸ್ ನಿರುಪಯೋಗಿ. ದೃಶ್ಯಕ್ಕೆ ಬೇಕಾದುದಕ್ಕಿಂತ ಮೂರು-ನಾಲ್ಕು ಪಟ್ಟು ರೊಟ್ಟಿ ತರಿಸಿಟ್ಟುಕೊಳ್ಳುವುದು, ಪ್ರತಿ ಟೇಕ್‌ಗೆ ಮುಂಚೆ ತಟ್ಟೆಯನ್ನು ಫೋಟೋದಲ್ಲಿರುವಂತೆ ಮತ್ತೆ ಜೋಡಿಸುವುದು ಸಹಾಯಕರ ಹೊಣೆ.

ಮೊಬೈಲಿನಲ್ಲಿ ಫೋಟೋ ತೆಗೆದರೆ ಸಾಕಲ್ಲ ಎಂದು ಈಗಿನವರು ಕೇಳುತ್ತಾರೆ. ಫೋಟೋ ಬೇಕೇ ಬೇಕು, ಆದರೆ ಅದರಲ್ಲಿ ಚಲನೆ ಇರುವುದಿಲ್ಲ. ಯಾವ ಪದಕ್ಕೆ ಯಾವ ಕೈ ಎತ್ತಿದರು ಎಂಬುದು ಬರಹದಲ್ಲಿ ಮಾತ್ರ ಸಿಗುತ್ತದೆ. ಫೋಟೋಗಳನ್ನು ಸಂಚಿಕೆ ಮತ್ತು ದೃಶ್ಯದ ಸಂಖ್ಯೆಯ ಪ್ರಕಾರ ಫೋಲ್ಡರಿನಲ್ಲಿ ಅಂದೇ ಇಡದಿದ್ದರೆ ಐದನೆಯ ದಿನ ಅವು ಇದ್ದೂ ಇಲ್ಲದಂತೆ.

ಅಭ್ಯಾಸಕ್ಕೆ, ಒಂದೇ ದೃಶ್ಯದ ಮೊದಲರ್ಧವನ್ನು ಒಂದು ಭಾನುವಾರ, ಉಳಿದರ್ಧವನ್ನು ಮುಂದಿನ ಭಾನುವಾರ ಚಿತ್ರೀಕರಿಸಿ ಜೋಡಿಸಿ ನೋಡಿ. ಜೋಡಣೆ ಕಾಣದಂತಾಗುವವರೆಗೆ ಮುಂದಿನ ಹಂತಕ್ಕೆ ಹೋಗಬೇಡಿ.

ಹಂತ 5. ಪ್ರಾಂಪ್ಟಿಂಗ್ ಮತ್ತು ಮಾತಿನ ಹದ

ದಿನಕ್ಕೆ ಹತ್ತಾರು ಪುಟ ಸಂಭಾಷಣೆಯನ್ನು ಬಾಯಿಪಾಠ ಮಾಡಲು ಕಲಾವಿದರಿಗೆ ಸಮಯವಿರುವುದಿಲ್ಲ. ಸಹಾಯಕ ನಿರ್ದೇಶಕರು ಕ್ಯಾಮೆರಾದ ಪಕ್ಕ ನಿಂತು ಮಾತನ್ನು ತುಂಡುತುಂಡಾಗಿ ಹೇಳಿಕೊಡಬೇಕಾಗುತ್ತದೆ. ಪ್ರಾಂಪ್ಟಿಂಗ್‌ನಲ್ಲಿ ಭಾವ ತುಂಬಿ ಹೇಳಬಾರದು, ವಾಕ್ಯವನ್ನು ಅರ್ಥ ಕೆಡುವ ಕಡೆ ತುಂಡರಿಸಬಾರದು, ಕಲಾವಿದರ ಮಾತಿನ ಮೇಲೆ ನಿಮ್ಮ ಧ್ವನಿ ಬೀಳಬಾರದು. ಅಲ್ಲೇ ಧ್ವನಿ ಮುದ್ರಣವಾಗುವ ಸೆಟ್ಟಿನಲ್ಲಿ ಒಂದು ಅಕ್ಷರ ಬಿದ್ದರೂ ಟೇಕ್ ಹೋಯಿತು. ಗೆಳೆಯರಿಬ್ಬರನ್ನು ನಿಲ್ಲಿಸಿ ಅವರು ಓದದೇ ಇರುವ ದೃಶ್ಯವೊಂದನ್ನು ಪ್ರಾಂಪ್ಟ್ ಮಾಡಿ ಮುಗಿಸುವುದು ಒಳ್ಳೆಯ ಅಭ್ಯಾಸ.

ನಮ್ಮ ಭಾಗದವರಿಗೆ ಇಲ್ಲಿ ಒಂದು ಅನುಕೂಲವಿದೆ. ಉತ್ತರ ಕರ್ನಾಟಕದ ಹಿನ್ನೆಲೆಯ ಪಾತ್ರ ಬಂದಾಗ ಮಾತನ್ನು ತಿದ್ದಲು ತಂಡಕ್ಕೆ ಒಬ್ಬರು ಬೇಕಾಗುತ್ತಾರೆ, ಆ ಬಾಗಿಲಿನಿಂದ ಒಳಹೋಗಬಹುದು. ಆದರೆ ಹುಟ್ಟಿನಿಂದ ಆಡಿದ ಮಾತು ಎಂಬ ಧೈರ್ಯವಷ್ಟೇ ಸಾಲದು. ಧಾರವಾಡದಲ್ಲಿಯೇ ಒಂದು ಮನೆಯವರು 'ಮಾಡಾಕತ್ತೀನಿ' ಎನ್ನುತ್ತಾರೆ, ಇನ್ನೊಂದು ಮನೆಯವರು 'ಮಾಡ್ಲಿಕತ್ತೀನಿ' ಎನ್ನುತ್ತಾರೆ. ಒಂದೇ ಪಾತ್ರದ ಬಾಯಲ್ಲಿ ಇವೆರಡೂ ಬಂದರೆ ಇಲ್ಲಿಯ ಪ್ರೇಕ್ಷಕರು ಆ ಪಾತ್ರವನ್ನು ನಂಬುವುದಿಲ್ಲ. ಸಂಭಾಷಣೆಯ ಹಾಳೆಯಲ್ಲಿ 'ಅತ್ತಿಗೆ' ಎಂದು ಬರೆದಿದ್ದರೆ ಆ ಮನೆಯಲ್ಲಿ 'ವೈನಿ' ಎನ್ನುತ್ತಾರೆಯೇ ಎಂದು ಯೋಚಿಸಿ, ಬದಲಾವಣೆಯನ್ನು ಸಂಭಾಷಣಾಕಾರರಿಗೆ ತಿಳಿಸಿಯೇ ಮಾಡಿ. ಕಲಾವಿದರ ಮುಂದೆ ನೀವೇ ತಿದ್ದಿದರೆ ಮರುದಿನ ನಿಮ್ಮನ್ನು ಆ ಸೆಟ್ಟಿಗೆ ಕರೆಯುವುದಿಲ್ಲ. ನಮ್ಮ ಮಾತನ್ನು ಹಾಸ್ಯದ ಪಾತ್ರಕ್ಕೂ ಮನೆಗೆಲಸದವರಿಗೂ ಮೀಸಲಿಡುವ ಅಭ್ಯಾಸ ಕಿರಿಕಿರಿ ಹುಟ್ಟಿಸುವುದು ನಿಜ. ಅದರ ಬಗ್ಗೆ ಜಗಳ ಮಾಡುವ ಅಧಿಕಾರ ಸಹಾಯಕರಿಗೆ ಇರುವುದಿಲ್ಲ ಎಂಬುದೂ ಅಷ್ಟೇ ನಿಜ.

ಹಂತ 6. ಊರಿನಲ್ಲಿಯೇ ತಂಡ ಕಟ್ಟಿಕೊಂಡು ದುಡಿಯುವುದು

ಕಲಾವಿದರೊಂದಿಗೆ ಮಾತಾಡುವುದನ್ನು ಪುಸ್ತಕದಿಂದ ಕಲಿಯಲಾಗದು. ಧಾರವಾಡದ ರಂಗಾಯಣದ ಚಟುವಟಿಕೆಗಳು, ಹವ್ಯಾಸಿ ನಾಟಕ ತಂಡಗಳು, ಜಾತ್ರೆಗಳಲ್ಲಿ ಬೀಡುಬಿಡುವ ವೃತ್ತಿ ನಾಟಕ ಕಂಪನಿಗಳು ಕೈಗೆಟಕುವಷ್ಟು ಹತ್ತಿರ ಇವೆ. ಒಂದು ನಾಟಕದ ತಾಲೀಮಿನಲ್ಲಿ ಮೊದಲ ದಿನದಿಂದ ಕೊನೆಯವರೆಗೆ ಕುಳಿತು, ನಿರ್ದೇಶಕರು ನಟರಿಗೆ ಏನು ಹೇಳಿದರು, ನಟರು ಏನು ಬದಲಿಸಿದರು ಎಂಬುದನ್ನು ಬರೆದುಕೊಳ್ಳಿ. ರಂಗಭೂಮಿಯ ನಟರನ್ನು ಕ್ಯಾಮೆರಾದ ಮುಂದೆ ನಿಲ್ಲಿಸಿದಾಗ ಧ್ವನಿಯನ್ನೂ ಕೈಚಲನೆಯನ್ನೂ ಎಷ್ಟು ಇಳಿಸಬೇಕೆಂದು ಹೇಳಲು ಕಲಿತರೆ ಅರ್ಧ ಕೆಲಸ ಬಂದಂತೆ.

ಚಿತ್ರೀಕರಣದ ಜಾಗವನ್ನು ಆರಿಸುವಾಗ ಅನುಮತಿಯ ವಿಷಯ ನೆನಪಿರಲಿ. ಲಕ್ಕುಂಡಿಯ ಕೇಂದ್ರ ಸಂರಕ್ಷಿತ ದೇವಾಲಯಗಳಲ್ಲಿ ಚಿತ್ರೀಕರಿಸಲು ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆಯ ಅನುಮತಿ, ರೈಲು ನಿಲ್ದಾಣದಲ್ಲಿ ರೈಲ್ವೆಯ ಅನುಮತಿ ಬೇಕು; ನೈಋತ್ಯ ರೈಲ್ವೆಯ ಕೇಂದ್ರ ಕಚೇರಿ ಹುಬ್ಬಳ್ಳಿಯಲ್ಲಿಯೇ ಇದೆ. ಅಭ್ಯಾಸದ ದೃಶ್ಯಕ್ಕೆ ಇಷ್ಟೆಲ್ಲ ಓಡಾಟ ಬೇಡ, ಪರಿಚಯದವರ ಮನೆಯ ಪಡಸಾಲೆ ಸಾಕು.

ಹಂತ 7. ಕೋರ್ಸ್ ಬೇಕೋ ಬೇಡವೋ ಎಂದು ತೀರ್ಮಾನಿಸುವುದು

ಪುಣೆಯ ಎಫ್‌ಟಿಐಐನಲ್ಲಿ (ಭಾರತೀಯ ಚಲನಚಿತ್ರ ಮತ್ತು ದೂರದರ್ಶನ ಸಂಸ್ಥೆ) ಟಿವಿ ನಿರ್ದೇಶನಕ್ಕೆಂದೇ ಪದವಿಯ ನಂತರದ ಕೋರ್ಸ್ ನಡೆಯುತ್ತ ಬಂದಿದೆ. ಪ್ರವೇಶ ಪರೀಕ್ಷೆ ಬರೆಯಬೇಕು, ಆ ವರ್ಷದ ಪ್ರಕಟಣೆಯನ್ನು ಸಂಸ್ಥೆಯ ಜಾಲತಾಣದಲ್ಲಿಯೇ ಓದಬೇಕು. ಅಲ್ಲಿ ಸೀಟು ಸಿಕ್ಕರೆ ಹೋಗಿ. ಸಿಗದಿದ್ದರೆ ಸಾಲ ಮಾಡಿ ಖಾಸಗಿ ಕೋರ್ಸ್ ಸೇರುವುದಕ್ಕಿಂತ ಆ ಹಣವನ್ನು ಬೆಂಗಳೂರಿನ ಮೊದಲ ಆರು ತಿಂಗಳ ಬಾಡಿಗೆ ಮತ್ತು ಊಟಕ್ಕೆ ಇಟ್ಟುಕೊಳ್ಳುವುದು ಮೇಲು. ಸೆಟ್ಟಿನಲ್ಲಿ ಯಾರೂ ಪ್ರಮಾಣಪತ್ರ ಕೇಳುವುದಿಲ್ಲ.

ಹಂತ 8. ಬೆಂಗಳೂರಿನಲ್ಲಿ ಯಾರನ್ನು ಕಾಣಬೇಕು

ವಾಹಿನಿಯ ಕಚೇರಿಗೆ ಹೋಗಿ ಕುಳಿತುಕೊಳ್ಳುವುದು ದಿನ ಹಾಳುಮಾಡುವ ಕೆಲಸ. ಸಹಾಯಕರನ್ನು ತೆಗೆದುಕೊಳ್ಳುವವರು ಧಾರಾವಾಹಿಯ ಪ್ರಧಾನ ನಿರ್ದೇಶಕರು ಮತ್ತು ಸಹ ನಿರ್ದೇಶಕರು. ಸಂಬಳದ ಮಾತು ಪ್ರೊಡಕ್ಷನ್ ಮ್ಯಾನೇಜರ್‌ರೊಂದಿಗೆ. ಇವರ ಹೆಸರುಗಳು ಶೀರ್ಷಿಕೆ ಪಟ್ಟಿಯಲ್ಲಿ ಬರುವುದರಿಂದ ಹೊರಡುವ ಮುಂಚೆಯೇ ಹತ್ತು-ಹನ್ನೆರಡು ಧಾರಾವಾಹಿಗಳ ಪಟ್ಟಿ ಮಾಡಿಕೊಳ್ಳಬಹುದು. ಹೊಸ ಧಾರಾವಾಹಿಯ ಪ್ರೋಮೋ ಬರತೊಡಗಿದಾಗ ತಂಡ ಇನ್ನೂ ಪೂರ್ತಿಯಾಗಿರದ ಸಂಭವ ಹೆಚ್ಚು.

ಭೇಟಿಯಾದಾಗ ಕಥೆ ಹೇಳಬೇಡಿ. ನೀವು ಬರೆದ ಕಂಟಿನ್ಯುಟಿ ಹಾಳೆಗಳು, ಒಂದು ದೃಶ್ಯದ ಶಾಟ್ ವಿಂಗಡಣೆ, ಅದರ ಸಂಕಲನಗೊಂಡ ಮೂರು ನಿಮಿಷದ ತುಣುಕು, ಇಷ್ಟನ್ನು ತೋರಿಸಿ. "ಸರ್, ಕಂಟಿನ್ಯುಟಿ ಬರೀತೀನಿ, ಪ್ರಾಂಪ್ಟ್ ಮಾಡ್ತೀನಿ, ನಾಳೆಯಿಂದಲೇ ಬರ್ತೀನಿ" ಎಂಬ ಒಂದು ಮಾತು ಇಪ್ಪತ್ತು ಪುಟದ ಕಥೆಗಿಂತ ಹೆಚ್ಚು ಕೆಲಸ ಮಾಡುತ್ತದೆ.

ಹಂತ 9. ಸಹಾಯಕರಿಂದ ಸಂಚಿಕೆ ನಿರ್ದೇಶಕರವರೆಗೆ

ಸಹಾಯಕ, ಅಸೋಸಿಯೇಟ್, ಸಹ ನಿರ್ದೇಶಕ, ಸಂಚಿಕೆ ನಿರ್ದೇಶಕ, ಪ್ರಧಾನ ನಿರ್ದೇಶಕ ಎಂಬ ಮೆಟ್ಟಿಲುಗಳು ಕಾಗದದ ಮೇಲೆ ಸಾಲಾಗಿ ಕಾಣುತ್ತವೆಯಾದರೂ ಬಡ್ತಿ ಬರುವುದು ತುರ್ತಿನ ದಿನ. ಬ್ಯಾಂಕಿಂಗ್ ಕರಗಿದಾಗ ಎರಡು ಯೂನಿಟ್‌ಗಳು, ಅಂದರೆ ಎರಡು ಚಿತ್ರೀಕರಣ ತಂಡಗಳು, ಏಕಕಾಲಕ್ಕೆ ನಡೆಯುತ್ತವೆ, ಎರಡನೆಯ ಯೂನಿಟ್‌ಗೆ ನಿಂತುಕೊಳ್ಳಲು ತಂಡದೊಳಗಿನ ಒಬ್ಬರು ಬೇಕಾಗುತ್ತಾರೆ. ಆ ದಿನಕ್ಕಾಗಿ ಪ್ರತಿ ದೃಶ್ಯವನ್ನೂ ನಿರ್ದೇಶಕರು ಆರಂಭಿಸುವ ಮುಂಚೆ ನೀವೇ ಮನಸ್ಸಿನಲ್ಲಿ ಒಡೆದುಕೊಳ್ಳಿ, ಅವರು ಬೇರೆ ರೀತಿ ಒಡೆದರೆ ಏಕೆಂದು ಸಂಜೆ ಯೋಚಿಸಿ, ಸೆಟ್ಟಿನಲ್ಲಿ ಎಲ್ಲರ ಮುಂದೆ ಕೇಳಬೇಡಿ.

ಸಿಕ್ಕ ಮೊದಲ ದಿನ ಹೊಸ ಬಗೆಯ ಶಾಟ್ ತೋರಿಸುವ ಆಸೆ ಎಲ್ಲರಿಗೂ ಬರುತ್ತದೆ, ಹಲವರು ಬೀಳುವುದೂ ಅಲ್ಲಿಯೇ. ಧಾರಾವಾಹಿಗೆ ಈಗಾಗಲೇ ಒಂದು ನೋಟ ಇದೆ. ಅದೇ ನೋಟದಲ್ಲಿ, ಕೊಟ್ಟ ದೃಶ್ಯಗಳನ್ನೆಲ್ಲ ಪ್ಯಾಕಪ್‌ಗೆ, ಅಂದರೆ ದಿನದ ಚಿತ್ರೀಕರಣ ನಿಲ್ಲಿಸುವುದಕ್ಕೆ, ಮುಂಚೆ ಮುಗಿಸಿ. ಹಿರಿಯ ಕಲಾವಿದರು ಬಿಡುವು ಕೇಳಿದ್ದರೆ ಅವರ ಶಾಟ್‌ಗಳನ್ನು ಮೊದಲು ತೆಗೆಯಿರಿ. ಬಾಲ ಕಲಾವಿದರಿದ್ದರೆ ಅವರಿಂದ ದಿನಕ್ಕೆ 5 ಗಂಟೆಗಿಂತ ಹೆಚ್ಚು, ವಿಶ್ರಾಂತಿಯಿಲ್ಲದೆ ಸತತ 3 ಗಂಟೆಗಿಂತ ಹೆಚ್ಚು ಕೆಲಸ ಮಾಡಿಸಲು ನಿಯಮದಲ್ಲಿ ಅವಕಾಶವಿಲ್ಲ ಎಂಬುದನ್ನು ಶೆಡ್ಯೂಲ್ ಹಾಕುವಾಗಲೇ ಲೆಕ್ಕಕ್ಕೆ ತೆಗೆದುಕೊಳ್ಳಿ.

ಟಿವಿ ನೋಡುವವರ ಪ್ರಮಾಣವನ್ನು ಅಳೆಯುವ ಬಾರ್ಕ್ ಸಂಸ್ಥೆಯಿಂದ ಗುರುವಾರ ಬರುವ ಟಿಆರ್‌ಪಿ ಅಂಕಿಗಳು ಇಳಿದರೆ ಟ್ರ್ಯಾಕ್ ರಾತ್ರೋರಾತ್ರಿ ಬದಲಾಗಬಹುದು, ತೆಗೆದ ದೃಶ್ಯಗಳು ಕಸಕ್ಕೆ ಹೋಗಬಹುದು. ಅದನ್ನು ನಿಮ್ಮ ಕೆಲಸದ ಮೇಲಿನ ತೀರ್ಪೆಂದು ತಿಳಿಯಬೇಕಿಲ್ಲ.

ಎಚ್ಚರಿಕೆಯ ಗುರುತುಗಳು

ನಿರ್ದೇಶನದ ಅವಕಾಶ ಕೊಡುತ್ತೇವೆಂದು ಹಣ ಕೇಳುವವರು, ಅದನ್ನು ಠೇವಣಿ, ಕಾರ್ಡ್ ಶುಲ್ಕ, ತರಬೇತಿ ಶುಲ್ಕ ಎಂದು ಯಾವ ಹೆಸರಿನಲ್ಲಿ ಕೇಳಿದರೂ, ಅವಕಾಶ ಕೊಡುವವರಲ್ಲ. ಸಂಬಳದ ಮಾತು ಬಂದಾಗಲೆಲ್ಲ ಕಲಿಯುವ ಅವಕಾಶದ ಮಾತು ತೆಗೆಯುವ ತಂಡದಲ್ಲಿ ಒಂದು ತಿಂಗಳಿಗಿಂತ ಹೆಚ್ಚು ಉಳಿಯಬೇಡಿ. ವಾಹಿನಿಯ ಹೆಸರು ಹೇಳಿ, ಸಂಜೆಯ ನಂತರ ಹೋಟೆಲ್ ಕೋಣೆಯಲ್ಲಿ ಸಂದರ್ಶನ ಎಂದು ಕರೆದರೆ ಹೋಗಬೇಡಿ. ಹೆಣ್ಣುಮಕ್ಕಳು ಸೇರುವ ಮುಂಚೆಯೇ ನಿರ್ಮಾಣ ಸಂಸ್ಥೆಯಲ್ಲಿ ಆಂತರಿಕ ದೂರು ಸಮಿತಿ ಇದೆಯೇ ಎಂದು ಕೇಳಬಹುದು, 10 ಅಥವಾ ಅದಕ್ಕಿಂತ ಹೆಚ್ಚು ಜನ ದುಡಿಯುವ ಜಾಗದಲ್ಲಿ ಅದು ಇರಲೇಬೇಕೆಂದು ಕೆಲಸದ ಸ್ಥಳದಲ್ಲಿ ಮಹಿಳೆಯರ ಮೇಲಿನ ಲೈಂಗಿಕ ಕಿರುಕುಳ ತಡೆಯುವ 2013ರ ಕಾಯ್ದೆ ಹೇಳುತ್ತದೆ.

ಸಂಬಳ ತಡವಾಗುವುದು ಈ ಕ್ಷೇತ್ರದಲ್ಲಿ ಸಾಮಾನ್ಯ. ಆದ್ದರಿಂದ ದಿನಕ್ಕೋ ತಿಂಗಳಿಗೋ ಎಷ್ಟು, ಯಾವಾಗ ಎಂಬ ಮಾತನ್ನು ಮ್ಯಾನೇಜರ್‌ಗೆ ವಾಟ್ಸ್‌ಆ್ಯಪ್‌ನಲ್ಲಾದರೂ ಬರೆದು ಕಳಿಸಿ ಒಪ್ಪಿಗೆ ಪಡೆಯಿರಿ, ಹಾಜರಾದ ದಿನಾಂಕ ಮತ್ತು ಸಂಚಿಕೆ ಸಂಖ್ಯೆಗಳನ್ನು ನಿಮ್ಮ ನೋಟ್‌ಬುಕ್‌ನಲ್ಲಿ ಬರೆದಿಡಿ. ಧಾರಾವಾಹಿ ಹಠಾತ್ತನೆ ನಿಂತಾಗ ತಂಡ ಒಂದೇ ವಾರದಲ್ಲಿ ಚದುರಿಹೋಗುತ್ತದೆ. ಬಾಕಿ ಕೇಳಲು ನಿಮ್ಮ ಬಳಿ ಉಳಿಯುವುದು ಆ ನೋಟ್‌ಬುಕ್ ಮತ್ತು ಆ ಸಂದೇಶ ಮಾತ್ರ. ಕೊನೆಯ ದೃಶ್ಯದ ಪ್ಯಾಕಪ್ ಆಗುವ ಮುಂಚೆಯೇ ಲೆಕ್ಕದ ಹಾಳೆಯ ಮೇಲೆ ಮ್ಯಾನೇಜರ್‌ರ ಸಹಿ ಹಾಕಿಸಿಕೊಳ್ಳಿ.